ದೂರದಿಂದ ಕಂಡ ಊರು: ಪಾನುಫ್ನಿಕ್‌ನ ಸಿಂಫನಿಗಳು

ಬ್ಯಾಂಕಿನಲ್ಲಿ ಲೆಡ್ಜರ್ ನೋಡುತ್ತಾ ನಿವೃತ್ತನಾದವನು ಪಾಶ್ಚಾತ್ಯ ಸಂಗೀತದ ಬಗ್ಗೆ ಬರೆಯುವುದು ಅಧಿಕಪ್ರಸಂಗ ಅಂತ ನೀವು ಅನ್ನಬಹುದು. ಆದರೆ ಮುಂಬೈಯಲ್ಲಿ ಇಪ್ಪತ್ತಾರು ವರ್ಷ ಇದ್ದ ನನಗೆ, ಹೊರನಾಡಿನ ಬದುಕು ಎಂದಾಗ ನೆನಪಾಗುವ ಕಲಾವಿದ ಪೋಲೆಂಡಿನ ಆಂಜೇಯ್ ಪಾನುಫ್ನಿಕ್ (1914–1991). ಆತನ ಸಿಂಫನಿಗಳನ್ನು ಅನುಕ್ರಮವಾಗಿ ಕೇಳುತ್ತಾ ಹೋದರೆ, ಊರು ಬಿಟ್ಟವನ ಮನಸ್ಸಿನಲ್ಲಿ ಊರು ಏನಾಗುತ್ತದೆ ಎಂಬುದು ಕಿವಿಗೆ ಸಿಗುತ್ತದೆ.

ಎರಡನೇ ಮಹಾಯುದ್ಧಕ್ಕೆ ಮೊದಲೂ ಯುದ್ಧದ ನಡುವೆಯೂ ಬರೆದದ್ದೆಲ್ಲ 1944ರ ವಾರ್ಸಾ ದಂಗೆಯ ಹೊತ್ತಿಗೆ ನಾಶವಾಯಿತು. ಅದರಲ್ಲಿ ಎರಡು ಸಿಂಫನಿಗಳಿದ್ದವು. ಈಗ ಒಂದನೆಯದೆಂದು ಎಣಿಸುವ ‘ಸಿನ್ಫೋನಿಯಾ ರುಸ್ಟಿಕಾ’ 1948ರದು. ಉತ್ತರ ಪೋಲೆಂಡಿನ ಜಾನಪದ ಮಟ್ಟುಗಳು, ಎಡಕ್ಕೊಂದು ಬಲಕ್ಕೊಂದು ತಂತಿವಾದ್ಯಗಳ ಗುಂಪು, ನಡುವೆ ಎಂಟು ಊದುವ ವಾದ್ಯ. ಹಳ್ಳಿಯ ಹೆಂಗಸರು ಕಾಗದ ಮಡಿಸಿ ಕತ್ತರಿಸುವ ಚಿತ್ತಾರದಿಂದ ಈ ಜೋಡಿಸಾಲು ಹೊಳೆಯಿತಂತೆ. ನಮ್ಮ ರಂಗೋಲಿಯ ಹಾಗೆ ಈ ಕಡೆಯದು ಆ ಕಡೆಗೂ. ಎಷ್ಟು ತಮಾಷೆ, ಎಷ್ಟು ಮಣ್ಣಿನ ವಾಸನೆ! ಅದಕ್ಕೆ ಬಹುಮಾನವೂ ಬಂತು. ಆಮೇಲೆ ಸರ್ಕಾರದ ಸಂಸ್ಕೃತಿ ಅಧಿಕಾರಿಯೊಬ್ಬ ಅಂಥದೊಂದು ಕೃತಿ ಇಲ್ಲವೇ ಇಲ್ಲ ಎಂದು ಸಾರಿಬಿಟ್ಟ. ಆತ್ಮಕತೆಯಲ್ಲಿ ಪಾನುಫ್ನಿಕ್ ಇದನ್ನು ಹೇಳಿಕೊಂಡಿದ್ದಾನೆ.

1954ರಲ್ಲಿ ಜ್ಯೂರಿಕ್‌ಗೆ ಧ್ವನಿಮುದ್ರಣಕ್ಕೆ ಹೋದವನು ಹಾಗೇ ಲಂಡನ್ನಿಗೆ ಹೋದ. ತಾಯ್ನಾಡಿನಲ್ಲಿ ಅವನ ಹೆಸರೇ ನಿಷಿದ್ಧವಾಯಿತು; 1977ರವರೆಗೆ ಅಲ್ಲಿ ಅವನ ಸಂಗೀತ ನುಡಿಯಲಿಲ್ಲ.

ಹೀಗೆ ದೂರ ನಿಂತು 1963ರಲ್ಲಿ ಬರೆದದ್ದು ‘ಸಿನ್ಫೋನಿಯಾ ಸಾಕ್ರಾ’. ಪೋಲೆಂಡ್ ಕ್ರೈಸ್ತ ಮತ ಸ್ವೀಕರಿಸಿದ ಸಾವಿರದ ವರ್ಷ 1966ಕ್ಕೆ ಎಂದು ಬರೆದದ್ದು. ವಾದ್ಯವೃಂದದ ನಾಲ್ಕು ಮೂಲೆಯಿಂದ ನಾಲ್ಕು ಟ್ರಂಪೆಟ್‌ಗಳು ಕೂಗುತ್ತವೆ. ಆಮೇಲೆ ತಂತಿಗಳ ಮೆಲುದನಿ, ಆಮೇಲೆ ಯುದ್ಧದಂಥ ಗದ್ದಲ. ಕೊನೆಗೆ ‘ಬೊಗುರೋಜಿತ್ಸಾ’ ಎಂಬ ಮಧ್ಯಯುಗದ ಸ್ತೋತ್ರ, ಪಿಸುಗುಟ್ಟುವಂತೆ ಶುರುವಾಗಿ ಇಡೀ ವೃಂದವನ್ನು ತುಂಬಿಕೊಳ್ಳುತ್ತದೆ. ಆ ಪಿಸುಮಾತಿನ ಭಾಗ ಕೇಳಿದಾಗಲೆಲ್ಲ ಗಂಟಲು ಕಟ್ಟುತ್ತದೆ. ಕೊನೆಯ ಆರ್ಭಟ ನನಗೆ ಅಷ್ಟು ರುಚಿಸುವುದಿಲ್ಲ, ಬಿಡಿ. ಅಲ್ಲಿ ಹಳ್ಳಿ ಇಲ್ಲ, ಜನ ಇಲ್ಲ; ತಾಯಿ ಒಬ್ಬಳೇ, ಗರ್ಭಗುಡಿಯಲ್ಲಿ. ಮುಂಬೈಯ ನಮ್ಮ ರಾಜ್ಯೋತ್ಸವದ ವೇದಿಕೆಯಲ್ಲೂ ಹೀಗೇ: ಭುವನೇಶ್ವರಿಯ ಪಟ, ಹೂಮಾಲೆ, ಗಟ್ಟಿ ದನಿ. ಊರಿನ ಕೆರೆ ಬತ್ತಿದ ಸುದ್ದಿ ಅಲ್ಲಿ ಯಾರೂ ಎತ್ತುವುದಿಲ್ಲ. ಹಾಗಂತ ನಮ್ಮದೂ ಅವನದೂ ಒಂದೇ ಎನ್ನಲಾರೆ. ನಾನು ಬೆಳಿಗ್ಗೆ ಉದ್ಯಾನ್ ಎಕ್ಸ್‌ಪ್ರೆಸ್ ಹತ್ತಿದರೆ ಸಂಜೆಗೆ ಕಲಬುರಗಿ. ಅವನಿಗೆ ರೈಲೇ ಇರಲಿಲ್ಲ.

1977ರ ‘ಸಿನ್ಫೋನಿಯಾ ಮಿಸ್ಟಿಕಾ’ ಆರನೆಯ ಸಿಂಫನಿ, ಪೂರ್ತಿ ಆರು ಎಂಬ ಸಂಖ್ಯೆಯ ಮೇಲೆ ನಿಂತದ್ದು. ಲೆಕ್ಕ ಚೊಕ್ಕ, ನಮ್ಮ ಬ್ಯಾಲೆನ್ಸ್ ಶೀಟಿನಂತೆ. ಆದರೆ ಆ ಜಾಣ್ಮೆಯ ಬೇರು ಹಳ್ಳಿಯ ಕಾಗದದ ಚಿತ್ತಾರದಲ್ಲಿತ್ತಲ್ಲ, ಇಲ್ಲಿ ಚಿತ್ತಾರ ಉಳಿದಿದೆ, ಕಾಗದ ಕಾಣೆಯಾಗಿದೆ. ಇದನ್ನು ಪ್ರೌಢಿಮೆ ಎನ್ನುವವರುಂಟು. ನನಗೆ ಕೇಳಿಸುವುದು ಒಣಗಿದ ನೆನಪು.

ಅದು ಅಲ್ಲಿಗೇ ನಿಲ್ಲಲಿಲ್ಲ ಎಂಬುದು ನನಗೆ ಸಮಾಧಾನ. ಪೋಲೆಂಡಿನಲ್ಲಿ 1980ರಲ್ಲಿ ಕಾರ್ಮಿಕರ ‘ಸಾಲಿಡಾರಿಟಿ’ ಎದ್ದಿತು. ಬೋಸ್ಟನ್ ವಾದ್ಯವೃಂದದ ನೂರನೇ ವರ್ಷಕ್ಕೆಂದು 1981ರಲ್ಲಿ ಬರೆದ ‘ಸಿನ್ಫೋನಿಯಾ ವೋಟಿವಾ’ದಲ್ಲಿ ಮತ್ತೆ ಮಾತೆಯೇ, ಚೆಂಸ್ತೊಹೋವಾ ಎಂಬ ಊರಿನ ಕಪ್ಪು ಮಾತೆ. ಮೊದಲ ಭಾಗ ನಿಧಾನವಾದ ಹರಕೆ. ಎರಡನೆಯದರಲ್ಲಿ ಹರಕೆ ಹೊತ್ತವನೇ ತಿರುಗಿಬಿದ್ದಂತೆ ಸಿಟ್ಟು. ಆ ಡಿಸೆಂಬರಿನಲ್ಲಿ ಪೋಲೆಂಡಿಗೆ ಸೈನಿಕ ಆಡಳಿತ ಬಂತು. 1982ರ ಜನವರಿಯಲ್ಲಿ ಬೋಸ್ಟನ್ನಿನಲ್ಲಿ ಇದು ಮೊದಲ ಸಲ ನುಡಿಯಿತು. ಇಲ್ಲಿ ಊರು ಪಟವಲ್ಲ, ಈ ಹೊತ್ತಿನ ಸುದ್ದಿ. ನನ್ನ ಮಟ್ಟಿಗೆ ಸಾಕ್ರಾಕ್ಕಿಂತ ಇದೇ ದೊಡ್ಡದು, ಹೆಸರು ಮಾಡಿದ್ದು ಅದಾದರೂ.

1990ರಲ್ಲಿ, ಮೂವತ್ತಾರು ವರ್ಷದ ಮೇಲೆ, ಪಾನುಫ್ನಿಕ್ ವಾರ್ಸಾದಲ್ಲಿ ಕಾಲಿಟ್ಟ. ಮರುವರ್ಷ ಇಂಗ್ಲೆಂಡಿನಲ್ಲಿ ತೀರಿಕೊಂಡ. ಕೇಳಬೇಕೆನ್ನುವವರು ರುಸ್ಟಿಕಾದಿಂದ ಶುರುಮಾಡಿ, ಆಮೇಲೆ ವೋಟಿವಾ ಹಾಕಿ. ಸಾಕ್ರಾ ಮೂರನೆಯದಾಗಿ ಕೇಳಿದರೆ ಚೆನ್ನು.