ಇ-ಪೇಪರು ಮತ್ತು ಧಾರಣೆ ಪಟ್ಟಿ

ಕನ್ನಡದ ಇ-ಪೇಪರಿಗೆ ಸಲ್ಲುತ್ತಿರುವ ಹೊಗಳಿಕೆ ಅದರ ಯೋಗ್ಯತೆಗಿಂತ ಹೆಚ್ಚಾಗಿದೆ. ಅಚ್ಚಾದ ಪುಟವೇ ಮೊಬೈಲಿಗೆ ಬರುತ್ತದೆ ಎಂಬುದನ್ನೇ ಅದರ ದೊಡ್ಡ ಗುಣ ಎನ್ನುತ್ತಾರೆ. ನನ್ನ ತಕರಾರು ಶುರುವಾಗುವುದೇ ಅಲ್ಲಿ.

ಕುಂದಗೋಳದ ಮೆಣಸಿನಕಾಯಿ ಬೆಳೆಗಾರನಿಗೆ ಸುಗ್ಗಿಯ ದಿನಗಳಲ್ಲಿ ಸಂಪಾದಕೀಯಕ್ಕಿಂತ ಪೇಟೆ ಧಾರಣೆ ಮುಖ್ಯ. ಬ್ಯಾಡಗಿ ಪೇಟೆಯಲ್ಲಿ ಡಬ್ಬಿ, ಕಡ್ಡಿ, ಗುಂಟೂರು ತಳಿಯ ಕಾಯಿಗಳು ಏನು ದರಕ್ಕೆ ಹೋದವು, ಹುಬ್ಬಳ್ಳಿಯ ಅಮರಗೋಳ ಪೇಟೆಯಲ್ಲಿ ಹತ್ತಿ, ಹೆಸರು ಎಲ್ಲಿಗೆ ನಿಂತವು ಎಂದು ನೋಡುತ್ತಾನೆ. ಪ್ರತಿ ಸರಕಿನ ಮುಂದೆ ಕನಿಷ್ಠ, ಗರಿಷ್ಠ, ಮಾದರಿ (ಹೆಚ್ಚು ಮಾಲು ಮಾರಾಟವಾದ ದರ) ಎಂದು ಮೂರು ದರ. ಅಗಲ ಹಾಳೆಯಲ್ಲಿ ಕಣ್ಣು ಅಡ್ಡ ಹೋಗಿ ಸರಕನ್ನು, ಮೇಲೆ ಹೋಗಿ ಶೀರ್ಷಿಕೆಯನ್ನು ಒಂದೇ ಗಳಿಗೆಯಲ್ಲಿ ಕೂಡಿಸಿಕೊಳ್ಳುತ್ತದೆ. ಮೊಬೈಲಿನಲ್ಲಿ ಅದೇ ಪಟ್ಟಿ ಇರುವೆಸಾಲು. ಎರಡು ಬೆರಳಿನಿಂದ ಹಿಗ್ಗಿಸಿದರೆ ಅಂಕಿ ದೊಡ್ಡದಾಗುತ್ತದೆ, ಶೀರ್ಷಿಕೆ ಪರದೆಯಾಚೆ ಸರಿಯುತ್ತದೆ. ಕಣ್ಣೆದುರು ಉಳಿದದ್ದು ಕನಿಷ್ಠವೋ ಗರಿಷ್ಠವೋ? ಮೆಣಸಿನಕಾಯಿಯಲ್ಲಿ ಇವೆರಡರ ನಡುವೆ ಕ್ವಿಂಟಲ್‌ಗೆ ಸಾವಿರಾರು ರೂಪಾಯಿ ಅಂತರ. ತೇವ ಹಿಡಿದು ಬಣ್ಣಗೆಟ್ಟ ಕಾಯಿ ತಳಕ್ಕೆ, ಚೆನ್ನಾಗಿ ಒಣಗಿದ ಕೆಂಪು ಡಬ್ಬಿ ಮೇಲಕ್ಕೆ. ತನ್ನ ಚೀಲದ ಮಾಲು ಯಾವ ತುದಿಗೆ ಹತ್ತಿರ, ಇವತ್ತೇ ದಲಾಲಿ ಅಂಗಡಿಗೆ ಒಯ್ಯಬೇಕೋ ಇನ್ನಷ್ಟು ಒಣಗಿಸಬೇಕೋ ಎಂದು ರೈತ ಅಂದಾಜಿಸುವುದು ಮೂರೂ ಅಂಕಿಗಳನ್ನು ಒಟ್ಟಿಗೆ ಕಂಡಾಗಲೇ. ಒಂದೊಂದನ್ನೇ ತೋರಿಸುವ ಪರದೆ ಆ ಅಂದಾಜನ್ನೇ ಕೆಡಿಸುತ್ತದೆ.

ಕಾಗದದ ಪರ ವಾದಿಸುವ ವಿಮರ್ಶಕರ ಜೊತೆಗೂ ನನಗೆ ಜಗಳವಿದೆ. ಶಾಯಿಯ ವಾಸನೆ, ಬೆಳಗಿನ ಚಹಾ ಎಂದು ಹಲುಬಿ ಅವರು ಚರ್ಚೆಯನ್ನೇ ಹಾದಿ ತಪ್ಪಿಸಿದ್ದಾರೆ. ಪುಣೆಗೋ ಗೋವೆಗೋ ದುಡಿಯಲು ಹೋದ ಕುಂದಗೋಳದವರಿಗೆ ಧಾರವಾಡ ಜಿಲ್ಲೆಯ ಪುಟ ಸಿಗುವುದು ಇ-ಪೇಪರಿನಲ್ಲಿ. ಗಾಯಕ ಸವಾಯಿ ಗಂಧರ್ವರ ನೆನಪಿನಲ್ಲಿ ಕುಂದಗೋಳದ ನಾಡಗೀರ ವಾಡೆಯಲ್ಲಿ ಯಾರು ಹಾಡಿದರೆಂಬ ಸುದ್ದಿಗೆ ಬೆಂಗಳೂರು ಆವೃತ್ತಿಯಲ್ಲಿ ಜಾಗ ಅಪರೂಪ. ಈ ಉಪಕಾರವನ್ನು ವಾಸನೆಯ ವಾದಿಗಳು ಲೆಕ್ಕಕ್ಕೇ ಹಿಡಿಯುವುದಿಲ್ಲ. ಪರದೆ ಬಂದದ್ದೇ ತಪ್ಪು ಎಂದು ಅವರು ಕೂತಿರುವುದರಿಂದ, ಪರದೆಗೆ ತಕ್ಕಂತೆ ಪುಟವನ್ನು ಯಾಕೆ ಕಟ್ಟಲಿಲ್ಲ ಎಂದು ಪತ್ರಿಕೆಗಳನ್ನು ಕೇಳುವವರೇ ಇಲ್ಲವಾಗಿದ್ದಾರೆ.

ಯಂತ್ರಕ್ಕೆ ತಕ್ಕಂತೆ ಬದಲಾದ ಪತ್ರಿಕೆ ಹಿಂದೆ ಇತ್ತು. ಕೋಲ್ಕತ್ತದ ಆನಂದಬಜಾರ್ ಪತ್ರಿಕೆ 1935ರಲ್ಲಿ ಅಚ್ಚುಮೊಳೆ ಜೋಡಿಸುವ ಲೈನೋಟೈಪ್ ಯಂತ್ರಕ್ಕೆ ಹೋದಾಗ ಅದರ ಸ್ಥಾಪಕರಲ್ಲೊಬ್ಬರಾದ ಸುರೇಶಚಂದ್ರ ಮಜುಂದಾರ್ ಬಂಗಾಳಿ ಅಚ್ಚಿನ ಅಕ್ಷರಗಳನ್ನೇ ಹೊಸದಾಗಿ ಹೊಂದಿಸಿದರು. ಹೊಸ ಯಂತ್ರ ಬಂದಾಗ ಪತ್ರಿಕೆ ಪಡಬೇಕಾದ ಶ್ರಮ ಅದು. ನಮ್ಮ ಇ-ಪೇಪರು ಆ ಶ್ರಮವನ್ನು ತಪ್ಪಿಸಿಕೊಂಡಿದೆ. ಚಿತ್ರವಾಗಿ ಬಂದ ಪುಟದಲ್ಲಿ ಕುಂದಗೋಳ ಎಂದು ಹುಡುಕಿದರೆ ಏನೂ ಸಿಗುವುದಿಲ್ಲ. ಯೂನಿಕೋಡ್‌ಗೆ ಮುಂಚಿನ ಫಾಂಟಿನಲ್ಲಿ ಕಟ್ಟಿದ ಪುಟದಿಂದ ಸಾಲೊಂದನ್ನು ನಕಲು ಮಾಡಿದರೆ ರೋಮನ್ ಅಕ್ಷರಗಳ ಕಸ ಬರುತ್ತದೆ.

ಧಾರಣೆಯ ಅಂಕಿಗಳು ಪುಟ ಕಟ್ಟುವವರ ಕಂಪ್ಯೂಟರಿನಲ್ಲಿ ಮೊದಲೇ ಇರುತ್ತವೆ. ಡಬ್ಬಿ ಎಂದು ಒತ್ತಿದರೆ ಮೂರು ದರವೂ ಒಂದರ ಕೆಳಗೊಂದು ಬರುವಂತೆ ಅವರು ಈ ಸುಗ್ಗಿಗೇ ಮಾಡಬಹುದು.