ಪರದೆಯ ಹಿಂದಿನ ಭೀಮವ್ವ

ಕೊಪ್ಪಳದ ಹೆಸರೆತ್ತಿದೊಡನೆ ಕಲಾರಸಿಕರಿಗೆ ಕಿನ್ನಾಳದ ಬಣ್ಣದ ಮರದ ಗೊಂಬೆಗಳು ನೆನಪಾಗುವುದು ಸಹಜವೇ. ಆದರೆ ಅದೇ ತಾಲ್ಲೂಕಿನ ಮೋರನಾಳದಲ್ಲಿ ಹುಡುಗಿಯಾಗಿದ್ದಾಗಲೇ ಗೊಂಬೆ ಹಿಡಿದು, ಎಪ್ಪತ್ತು ವರ್ಷಗಳಿಗೂ ಮಿಕ್ಕು ರಾಮಾಯಣ ಮಹಾಭಾರತಗಳನ್ನು ತೊಗಲಿನಲ್ಲಿ ಆಡಿಸಿದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಎಂಬವರ ಹೆಸರು, 2025ರ ಜನವರಿಯಲ್ಲಿ ಪದ್ಮಶ್ರೀ ಪ್ರಕಟವಾಗುವ ತನಕ ನಮ್ಮಲ್ಲಿ ಎಷ್ಟು ಮಂದಿಯ ನಾಲಗೆಯ ಮೇಲಿತ್ತು? ಆಗ ಅವರಿಗೆ 96 ವರ್ಷ. ಅಮೆರಿಕ, ಇಟಲಿ, ಇರಾನ್ ದೇಶಗಳ ಪ್ರೇಕ್ಷಕರು ಅವರ ಆಟವನ್ನು ಅದಕ್ಕೆ ಬಹಳ ಮೊದಲೇ ಕಂಡಿದ್ದರು.

ಆಡಿನ ಅಥವಾ ಜಿಂಕೆಯ ಚರ್ಮವನ್ನು ಹದಗೊಳಿಸಿ, ಬೆಳಕು ತೂರಿಬರುವಷ್ಟು ತೆಳುವಾಗಿ ಕೆರೆದು, ಅದರ ಮೇಲೆ ರೂಪವನ್ನು ಬರೆದು, ಕಿರೀಟ ಕಂಠೀಹಾರಗಳಿರತಕ್ಕ ಕಡೆಯಲ್ಲೆಲ್ಲ ಸಣ್ಣ ರಂಧ್ರಗಳನ್ನು ಕೊರೆದು, ಬಣ್ಣ ತುಂಬಿ, ಕಡ್ಡಿಗೆ ಸಿಕ್ಕಿಸಿ, ದೀಪಕ್ಕೂ ಬಿಳಿಯ ಪರದೆಗೂ ನಡುವೆ ಹಿಡಿದಾಗ ಮೂಡುವುದು ಕರಿಯ ನೆರಳಲ್ಲ; ಕೆಂಪು ಹಸುರುಗಳಿಂದ ಬೆಳಗುವ ಸಜೀವ ಮೂರ್ತಿ. ಹೊರಗಿನವರು ಇದನ್ನು ನೆರಳಾಟವೆಂದು ಕರೆಯುವುದು ನನಗೆ ಎಂದೂ ಒಪ್ಪಿಗೆಯಾಗಿಲ್ಲ. ಆದರೂ ಈ ಕಲೆಯ ಪ್ರಾಣವಿರುವುದು ಬಣ್ಣದಲ್ಲಲ್ಲ, ಕಂಠದಲ್ಲಿ. ಸೀತೆಯ ಶೋಕವನ್ನು ಹಾಡಿದ ಗಂಟಲೇ ಮರುಗಳಿಗೆಯಲ್ಲಿ ಆಟದ ಹಾಸ್ಯಜೋಡಿಯ ಬಂಗಾರಕ್ಕನಾಗಿ ಶಿಳ್ಳೇಕ್ಯಾತನನ್ನು ಬೈದು ಜನರನ್ನು ನಗಿಸಬೇಕು. ಕೈ ಎರಡು ಗೊಂಬೆಗಳನ್ನು ಕಾದಾಡಿಸುತ್ತಿರುವಾಗ ಉಸಿರು ತಾಳ ತಪ್ಪಕೂಡದು.

ಕಾಲುವೆಯ ನೀರುಂಡು ಬತ್ತ ಬೆಳೆಯುವ ಗಂಗಾವತಿಯ ಬಯಲನ್ನು ದಾಟಿ, ಮುಗಿಲನ್ನೇ ನಂಬಿದ ಕುಷ್ಟಗಿ ಯಲಬುರ್ಗೆಗಳ ಹೊಲಗಳತ್ತ ಬಂದರೆ, ಈ ಆಟಕ್ಕೆ ವಿನೋದಕ್ಕಿಂತ ದೊಡ್ಡದೊಂದು ಪ್ರಯೋಜನವನ್ನು ಜನರು ಏಕೆ ಕಲ್ಪಿಸಿಕೊಂಡರೆಂಬುದು ತಿಳಿಯುತ್ತದೆ: ಮಳೆ ಹೋದ ವರ್ಷ ಊರವರು ಪಟ್ಟಿ ಎತ್ತಿ ಗೊಂಬೆ ಆಡಿಸಿದರೆ ಮಳೆ ಬರುವುದೆಂಬುದು ನಮ್ಮ ಸೀಮೆಯ ಹಳೆಯ ನಂಬಿಕೆ.

ಗೊಂಬೆಗೂ ಪರದೆಗೂ ಇರುವ ನಂಟು ನಮ್ಮಲ್ಲಿಗೇ ಸೀಮಿತವಾದುದಲ್ಲ. 1925ರಲ್ಲಿ ಲಂಡನ್ನಿನಲ್ಲಿ ಜಾನ್ ಲೋಗಿ ಬೇರ್ಡ್ ತನ್ನ ದೂರದರ್ಶನ ಯಂತ್ರದಲ್ಲಿ ಮೊತ್ತಮೊದಲು ಸ್ಪಷ್ಟವಾಗಿ ಮೂಡಿಸಿದ ಮುಖ ಸ್ಟೂಕಿ ಬಿಲ್ ಎಂಬ ಗೊಂಬೆಯದು. ದೀಪಗಳ ಕಾವನ್ನು ಮನುಷ್ಯರು ಸಹಿಸುವುದು ಕಷ್ಟವಾಗಿತ್ತು. 1946ರಲ್ಲಿ ಬಿಬಿಸಿಯ ಮಕ್ಕಳ ಕಾರ್ಯಕ್ರಮಕ್ಕೆ ಮಫಿನ್ ಎಂಬ ಹೇಸರಗತ್ತೆಯ ಗೊಂಬೆ ಬಂದಿತು. ಆನೆಟ್ ಮಿಲ್ಸ್ ಪಿಯಾನೊ ನುಡಿಸಿ ಹಾಡುತ್ತಿದ್ದರೆ, ಅದರ ಮೇಲೆ ಕುಣಿಯುತ್ತಿದ್ದ ಮಫಿನ್ನನ ಸೂತ್ರಗಳನ್ನು ಮರೆಯಲ್ಲಿ ನಿಂತು ಆಡಿಸುತ್ತಿದ್ದವರು ಆನ್ ಹೊಗಾರ್ಥ್. ಮಕ್ಕಳು ಹೇಸರಗತ್ತೆಯನ್ನು ಬಲ್ಲವರಾದರು, ಹಾಡುವಾಕೆಯ ಮುಖವನ್ನು ಬಲ್ಲವರಾದರು. ಸೂತ್ರ ಹಿಡಿದಾಕೆ ಮಾತ್ರ ಅವರ ಕಣ್ಣಿಗೆ ಬೀಳಲೇ ಇಲ್ಲ. ಆ ಹೆಂಗಸು ನಮ್ಮ ಭೀಮವ್ವನಿಗೆ ಒಡಹುಟ್ಟಿದವಳಂತೆಯೇ ನನಗೆ ತೋರುತ್ತಾಳೆ.

ನಿಮ್ಮೂರಿನಲ್ಲಿ ಮತ್ತೆಂದಾದರೂ ತೊಗಲುಗೊಂಬೆಯ ಪರದೆ ಕಟ್ಟಿದರೆ, ಮಂಗಳವಾದೊಡನೆ ಎದ್ದುಹೋಗದಿರಿ. ಪರದೆಯ ಹಿಂದಕ್ಕೆ ಹೋಗಿ, ಗೊಂಬೆ ಹಿಡಿದಿದ್ದವರ ಹೆಸರು ಕೇಳಿರಿ.