ನಗರವರ್ಣನೆಯೂ ಇತಿಹಾಸಪ್ರಮಾಣವೂ

ಜರ್ಮನಿಯ ನ್ಯೂರೆಂಬರ್ಗು ಚಕ್ರವರ್ತಿಗೆ ನೇರವಾಗಿ ಅಧೀನವಾಗಿದ್ದ ಸಾಮ್ರಾಜ್ಯನಗರ. ಪಾದರಕ್ಷೆಗಳನ್ನು ಮಾಡಿ ಜೀವಿಸುತ್ತಿದ್ದ ಹಾನ್ಸ್ ಸಾಕ್ಸ್ ಕವಿಯು 1530ರಲ್ಲಿ ಆ ಪುರವನ್ನು ಹೆಸರಿಟ್ಟೇ ಸ್ತುತಿಸಿ ಪದ್ಯವನ್ನು ರಚಿಸಿದನು. ಅದೇ ಶತಮಾನದ ನಮ್ಮ ಕನಕದಾಸರು ‘ಮೋಹನತರಂಗಿಣಿ’ಯಲ್ಲಿ ವರ್ಣಿಸಿದುದು ದ್ವಾರಕೆಯನ್ನು, ವಿದ್ವಾಂಸರು ಅದರಲ್ಲಿ ಕಂಡುದು ವಿಜಯನಗರವನ್ನು. ಈ ಮತವು ರಮ್ಯವಾದುದೇ ಸರಿ. ಆದರೆ ಪರೀಕ್ಷಿಸದೆ ಅಂಗೀಕರಿಸತಕ್ಕುದಲ್ಲ.

ನಗರವರ್ಣನೆಯು ದಂಡಿಯು ಮಹಾಕಾವ್ಯಕ್ಕೆ ಹೇಳಿದ ಅಂಗಗಳಲ್ಲೊಂದು. ‘ಮೋಹನತರಂಗಿಣಿ’ಯು ಸಾಂಗತ್ಯವಾದರೂ ಈ ಸಂಪ್ರದಾಯಕ್ಕೆ ಹೊರತಲ್ಲ. ಕೋಟೆ, ಅಗಳು, ಉಪವನಗಳು ಯಾವ ಕವಿಯ ಯಾವ ಪುರದಲ್ಲಿಯೂ ಉಂಟು. ಅವುಗಳಿಂದ ಇತಿಹಾಸವು ಸಿದ್ಧಿಸದು. ಸಂಪ್ರದಾಯವನ್ನು ಮೀರಿದ್ದು, 1520ರ ಸುಮಾರಿನಲ್ಲಿ ವಿಜಯನಗರವನ್ನು ಕಂಡ ಪೋರ್ಚುಗೀಸ್ ಯಾತ್ರಿಕ ಪಾಯೆಸನ ಬರಹಕ್ಕೋ ಶಾಸನಗಳಿಗೋ ಹೊಂದುವ ಅಂಶಗಳನ್ನು ಮಾತ್ರವೇ ಪ್ರಮಾಣವೆನ್ನಬಹುದು.

ಸಿಂಧನೂರು ಲಿಂಗಸುಗೂರುಗಳ ನಡುವಣ ಮಸ್ಕಿಯಲ್ಲಿ 1915ರಲ್ಲಿ ದೊರೆತ ಶಾಸನವು ಅಶೋಕನ ಹೆಸರನ್ನೇ ಹೇಳಿತು. ‘ದೇವಾನಾಂಪ್ರಿಯ’ನು ಆತನೇ ಎಂಬ ಅನುಮಾನವು ಅದರಿಂದ ದೃಢವಾಯಿತು. ಕನಕದಾಸರ ದ್ವಾರಕೆಗೂ ಅಂತಹ ಆಧಾರವನ್ನು ಅರಸಬೇಕು. ಅದು ದೊರೆಯುವವರೆಗೆ ಕಾವ್ಯವನ್ನು ಕಾವ್ಯವೆಂದೇ ಪಾಠಹೇಳುವುದು ಅಧ್ಯಾಪಕರಿಗೆ ಯುಕ್ತವು.